ಮೈ ಹಂಚಿದ ಮೇಲೆ

ನಮ್ಮೂರಿನಲ್ಲಿ ಯಾರಾದರೂ ಹಾಸಿಗೆ ಹಿಡಿದರೆ ಜಡ್ಡು ಬಂತು ಅನ್ನುವುದಿಲ್ಲ, ಮೈ ಹಂಚಿತು ಅನ್ನುತ್ತೇವೆ. ಮಲಗಿದವರ ಹಣೆ ಮುಟ್ಟಿದರೆ ಬಿಸಿಯೂ ಇರುವುದಿಲ್ಲ, ತಣ್ಣಗೂ ಇರುವುದಿಲ್ಲ. ಕೈ ಹಿಡಿದರೆ ನಾಡಿ ಸಿಗುವುದಿಲ್ಲ. ಎಲ್ಲಿ ನೋಯುತ್ತದೆ ಎಂದು ಕೇಳಿದರೆ ಎಲ್ಲೂ ಇಲ್ಲವಲ್ಲ ಎಂದು ಅವರೇ ನಮ್ಮ ಮುಖ ನೋಡುತ್ತಾರೆ. ಅವರ ಕಾವು ಊರಿನಲ್ಲಿ ಒಬ್ಬರಿಗೆ, ಮಿಡಿತ ಇನ್ನೊಬ್ಬರಿಗೆ, ಉಸಿರು ಮತ್ತೊಬ್ಬರಿಗೆ, ನೋವು ಮಗದೊಬ್ಬರಿಗೆ ಹೋಗಿ ಸೇರಿರುತ್ತದೆ. ಯಾವ ಓಣಿಯ ಯಾರಿಗೆ ಎಂದು ಮೊದಲೇ ಹೇಳಲಾಗದು. ಮನೆಯವರಿಗೆ ಮಾತ್ರ ಬರುವುದಿಲ್ಲ, ಅದು ಖಾತ್ರಿ.

ಇದಕ್ಕೆ ನಾವು ಯಾವತ್ತೋ ಒಗ್ಗಿಕೊಂಡಿದ್ದೇವೆ. ಕುಲಕರ್ಣಿ ಮಾಸ್ತರರು ಮಗ್ಗಿ ಹೇಳಿಸುತ್ತಿರುವಾಗ ಹೊಟ್ಟೆ ಹಿಡಿದುಕೊಂಡು ಕುರ್ಚಿಯಲ್ಲಿ ಮುದುಡಿದರೆ ಮಕ್ಕಳು ಅವರಿಗೆ ನೀರು ತರುವುದಿಲ್ಲ, ಯಾರ ಹೊಟ್ಟೆಯೋ ಎಂದು ಹುಡುಕುತ್ತ ಓಣಿ ಓಣಿ ಓಡುತ್ತಾರೆ. ಗಟಾರದ ಸಲುವಾಗಿ ವರ್ಷಗಟ್ಟಲೆ ಮಾತು ಬಿಟ್ಟಿದ್ದ ಇಬ್ಬರಲ್ಲಿ ಒಬ್ಬನ ಹಲ್ಲುನೋವು ಇನ್ನೊಬ್ಬನ ದವಡೆಗೆ ಬಂತು. ಹಲ್ಲು ಕೀಳಿಸಿಕೋ ಎಂದು ಹೇಳಬೇಕಾದರೆ ಮಾತಾಡಬೇಕಲ್ಲ. ಗಲ್ಲಕ್ಕೆ ಬಟ್ಟೆ ಕಟ್ಟಿಕೊಂಡು ಆದಷ್ಟು ತಡೆದ. ಕೊನೆಗೆ ಬಾಯಿ ಬಿಡದೆ ವೈರಿಯ ರಟ್ಟೆ ಹಿಡಿದು ದರದರ ಎಳೆದುಕೊಂಡು ದವಾಖಾನೆಗೆ ಹೋದ. ಹಲ್ಲು ಕಿತ್ತದ್ದಾಯಿತು, ಇಬ್ಬರೂ ಒಂದೇ ರಿಕ್ಷಾದಲ್ಲಿ ಮರಳಿದರು. ಗಟಾರದ ಜಗಳ ಇನ್ನೂ ನಡೆದಿದೆ, ಅದು ಬೇರೆ ಮಾತು.

ಪಾಲು ಬಂದವರು ಸುಮ್ಮನೆ ಕೂಡುವಂತಿಲ್ಲ. ಹೊತ್ತು ಹೊತ್ತಿಗೆ ಕಸ್ತೂರವ್ವನ ಜಗಲಿಗೆ ಹೋಗಿ ಹೇಳಿಬರಬೇಕು. ಕಸ್ತೂರವ್ವ ನಮ್ಮೂರಿನ ಮೈ ಕೂಡಿಸುವವಳು. ಎಲುಬು ಎದ್ದ ಉದ್ದನೆಯ ಹೆಂಗಸು, ಮುಂಡಾಸು ಸುತ್ತಿದರೆ ಗೌಡನಂತೆ ಕಾಣುವ ನಿಲುವು. ಹುಣಸೆಹಣ್ಣಿನ ವ್ಯಾಪಾರ ಆಕೆಯದು. ಬೀಜ ಬಿಡಿಸುತ್ತ, ತಲೆ ಎತ್ತದೆ ಕೇಳುತ್ತಿದ್ದಳು. ಬಂದವರ ಮಾತನ್ನು ಬಂದ ಹಾಗೇ ನುಂಗುವ ಪೈಕಿ ಅಲ್ಲ. ಮೊದಲು ಹೇಳುವವರನ್ನೇ ತಪಾಸು ಮಾಡುವಳು: ಏನು ಉಂಡೆ, ಬಿಸಿಲಲ್ಲಿ ನಡೆದು ಬಂದೆಯಾ, ಮನೆಯಲ್ಲಿ ಯಾರ ಜೊತೆಗಾದರೂ ಕಿತ್ತಾಡಿದೆಯಾ. ಮಾಸ್ತರರು ಮುಳ್ಳು ಚುಚ್ಚಿದರೆ ಈಟಿ ಅನ್ನುವವರು, ಅವರ ಮಾತಿಗೆ ಅರ್ಧ ಕಳೆಯುವಳು. ಸೋಡಾ ಅಂಗಡಿಯ ರಜಾಕಸಾಬ ಮೈ ಸುಡುತ್ತಿದ್ದರೂ ಒಂದಿಷ್ಟು ಬೆಚ್ಚಗಿದೆ ಅನ್ನುವ ಸಂಕೋಚದ ಮನುಷ್ಯ, ಅವನ ಮಾತಿಗೆ ಕೂಡಿಸುವಳು. ಇಷ್ಟೆಲ್ಲ ಆದ ಮೇಲೆ ನಾಲ್ಕು ಪಾಲನ್ನೂ ಒಂದರ ಪಕ್ಕ ಒಂದು ಇಟ್ಟು ನೋಡುವಳು. ಕಾವು ಏರಿದರೆ ಮಿಡಿತವೂ ಏರಬೇಕು, ಇಳಿದರೆ ಅದೂ ಇಳಿಯಬೇಕು. ಒಂದು ಮೇಲೆ ಒಂದು ಕೆಳಗೆ ಹೊರಟರೆ ಯಾರೋ ತಪ್ಪು ಹೇಳುತ್ತಿದ್ದಾರೆ, ಇಲ್ಲವೇ ಮೈಯೇ ದಾರಿ ತಪ್ಪಿದೆ ಎಂಬುದು ಆಕೆಯ ಲೆಕ್ಕ. ಆಕೆಯ ಮುಂದೆ ಕೂತಾಗ ನನಗೆ ಯಾವಾಗಲೂ ನನ್ನನ್ನು ಯಾರೋ ಜರಡಿ ಹಿಡಿದಂತೆ ಆಗುತ್ತಿತ್ತು.

ಡಾಕ್ಟರು ಇನಾಮದಾರರು ಹೊರಗಿನಿಂದ ಬಂದವರು. ಬಂದ ಹೊಸತರಲ್ಲಿ ಮಲಗಿದವರ ಬಾಯಲ್ಲಿ ಥರ್ಮಾಮೀಟರ್ ಇಟ್ಟು, ಪಾದರಸ ಅಲುಗದ್ದನ್ನು ನೋಡಿ, ಥರ್ಮಾಮೀಟರ್ ಬದಲಿಸಿ, ಅದೂ ಅಲುಗದಿದ್ದಾಗ ಊರೇ ಬಿಡಲೆಂದು ಬಸ್ ಸ್ಟ್ಯಾಂಡಿನ ತನಕ ಹೋಗಿ ಬಂದರಂತೆ. ಆಮೇಲೆ ಕಸ್ತೂರವ್ವನ ಜಗಲಿಯ ಮೇಲೆ ಒಂದು ಮಧ್ಯಾಹ್ನ ಕೂತರು. ಈಗ ಸೈಕಲ್ ಹತ್ತಿ ಊರು ಸುತ್ತುತ್ತ ಒಬ್ಬನ ಬಾಯಲ್ಲಿ ಥರ್ಮಾಮೀಟರ್ ಇಟ್ಟು, ಇನ್ನೊಬ್ಬನ ಎದೆಗೆ ಸ್ಟೆತೊಸ್ಕೋಪ್ ಹಚ್ಚಿ, ಔಷಧವನ್ನು ಮಲಗಿದ ಮೂರನೆಯವರಿಗೆ ಕೊಡುತ್ತಾರೆ. ಆಕೆಗೆ ತಿಳಿಯದ್ದು ಅವರಿಗೆ ತಿಳಿಯುತ್ತದೆ, ಅವರಿಗೆ ಸಿಗದ್ದು ಆಕೆಗೆ ಸಿಗುತ್ತದೆ. ಒಬ್ಬರ ಮೇಲೊಬ್ಬರಿಗೆ ಬಲು ಗೌರವ.

ಒಂದು ಕಟ್ಟಳೆಯನ್ನು ಮಾತ್ರ ಊರಿನಲ್ಲಿ ಯಾರೂ ಮುರಿದಿರಲಿಲ್ಲ. ಒಬ್ಬರ ನಾಲ್ಕು ಪಾಲಿನವರು ಒಂದೇ ಕಡೆ ಕೂಡಬಾರದು. ನಾಲ್ಕು ಮಂದಿ ಕೂಡುವುದು ಹೆಗಲು ಕೊಡಲಿಕ್ಕೆ, ಬದುಕಿದ್ದಾಗಲೇ ಕೂಡಿಸಿದರೆ ಚಟ್ಟ ಕಟ್ಟಿದಂತೆ ಎಂದು ನಂಬಿಕೆ. ಅದಕ್ಕೇ ಒಬ್ಬರು ಹೇಳಿ ಹೋದ ಮೇಲೆ ಇನ್ನೊಬ್ಬರು ಬರುತ್ತಿದ್ದರು. ಸಂತೆಯಲ್ಲಿ ಎದುರಾದರೂ ದಾರಿ ಬದಲಿಸುತ್ತಿದ್ದರು.

ನನ್ನದು ಬಸ್ ಸ್ಟ್ಯಾಂಡಿನ ಎದುರಿಗೆ ಖಾನಾವಳಿ. ರೊಟ್ಟಿ ಬಡಿಯುವವಳು ನನ್ನ ಹೆಂಡತಿ ಸುವರ್ಣಾ. ಬಹಳ ದಿನ ಕಾದ ಮೇಲೆ ಹುಟ್ಟಿದ ಹೆಣ್ಣುಕೂಸಿಗೆ ಇನ್ನೂ ಹೆಸರು ಇಟ್ಟಿರಲಿಲ್ಲ. ಒಂದು ಮುಂಜಾನೆ ಬಾಣಂತಿಯ ಹಣೆ ಮುಟ್ಟಿದ ನಮ್ಮವ್ವ ಏನೂ ಇಲ್ಲ ಎಂದಳು. ಬೇರೆ ಊರಿನಲ್ಲಿ ಇದು ಒಳ್ಳೆಯ ಸುದ್ದಿ ಇದ್ದೀತು. ನಮ್ಮಲ್ಲಿ ಏನೂ ಇಲ್ಲ ಅಂದರೆ ಕೇಳಿದವರ ಕೈಕಾಲು ಬಿದ್ದುಹೋಗುತ್ತವೆ.

ಹೊತ್ತೇರುವುದರೊಳಗೆ ಪಾಲು ಯಾರಿಗೆ ಹೋಗಿವೆ ಎಂದು ಗೊತ್ತಾಯಿತು. ರಜಾಕಸಾಬ ಸೋಡಾ ಬಾಟಲಿ ತಣ್ಣಗಿಡುವ ಬರ್ಫಿನ ಡಬ್ಬಿಯಲ್ಲಿ ಕಾಲಿಟ್ಟುಕೊಂಡು ಕೂತಿದ್ದ, ಕಾವು ಅವನಿಗೆ. ನೋವು ಮಾಸ್ತರರಿಗೆ, ಅವರ ನರಳಾಟ ಶಾಲೆಯ ಗೇಟಿಗೇ ಕೇಳಿಸುತ್ತಿತ್ತು. ಉಸಿರು ಕಮ್ಮಾರ ಮೌನೇಶನಿಗೆ. ಮಿಡಿತ ನಮ್ಮ ಎದುರು ಮನೆಯ ಬಳೆಗಾರ ವಿರುಪಣ್ಣನ ಮಗಳು ಪುಷ್ಪಾಳ ಮಣಿಕಟ್ಟಿಗೆ. ಆ ಹುಡುಗಿಗೆ ಪಾಲು ಬಂದದ್ದು ಅದೇ ಮೊದಲು. ತನ್ನ ಮಿಡಿತ ಯಾವುದು, ಬಂದದ್ದು ಯಾವುದು ಎಂದು ಬೇರ್ಪಡಿಸಲು ರೂಢಿ ಬೇಕು, ಅವಳಿಗೆ ಅದು ಇರಲಿಲ್ಲ. ಡಾಕ್ಟರು ಬಾಣಂತಿಸನ್ನಿ ಎಂದು ಗುಳಿಗೆ ಕೊಟ್ಟರು. ನಾನು ದಿನವಿಡೀ ಸುವರ್ಣಾಳ ಪಕ್ಕ ಕೂತು ಏನೂ ತಿಳಿಯದೆ ಒದ್ದಾಡಿದೆ. ಅವಳ ಜ್ವರ ಎಷ್ಟಿದೆ ಎಂದು ತಿಳಿಯಲು ನಾನು ಸೋಡಾ ಅಂಗಡಿಗೆ ಹೋಗಬೇಕಿತ್ತು. ಕಟ್ಟಿಕೊಂಡವಳ ಸಂಕಟ ಊರವರಿಗೆಲ್ಲ ಗೊತ್ತು, ನನಗೊಬ್ಬನಿಗೆ ಗೊತ್ತಿಲ್ಲ. ಅಂಥ ಹೊಟ್ಟೆಕಿಚ್ಚು ನನಗೆ ಯಾವತ್ತೂ ಆಗಿರಲಿಲ್ಲ.

ಹೀಗೆ ಕೆಲವು ದಿನ ಸುಟ್ಟ ಮೇಲೆ ಒಂದು ಬೆಳಿಗ್ಗೆ ರಜಾಕಸಾಬ ಬರ್ಫಿನ ಡಬ್ಬಿಯಿಂದ ಕಾಲು ತೆಗೆದು ಚಪ್ಪಲಿ ಮೆಟ್ಟಿಕೊಂಡ. ಕಾವು ಇಳಿದಿತ್ತು. ಡಾಕ್ಟರು ಬಂದು ಅವನ ಬಾಯಲ್ಲಿ ಥರ್ಮಾಮೀಟರ್ ಇಟ್ಟು ನೋಡಿ ತಲೆದೂಗಿ, ಬೇರೆ ಹಳ್ಳಿಯ ಕರೆ ಇದ್ದುದರಿಂದ ಹಾಗೇ ಹೊರಟರು. ಮಾಸ್ತರರು ಸೆಟೆದು ನಡೆಯುತ್ತ ಬಂದು ನೋವು ಮಾಯವಾಗಿದೆ ಎಂದು ನನ್ನ ಬೆನ್ನು ತಟ್ಟಿದರು. ಸುವರ್ಣಾ ಕೂಸನ್ನೂ ಕೇಳದೆ ಗಾಢವಾಗಿ ಮಲಗಿದ್ದಳು. ಪಾಪ, ಎಷ್ಟು ದಿನದ ನಿದ್ದೆಯೋ ಎಂದುಕೊಂಡೆವು. ಮೌನೇಶ ಮಾತ್ರ ಏದುಸಿರು ಬಿಡುತ್ತಿದ್ದ. ಆದರೆ ಅವನು ಬೆಳಗಿನಿಂದ ತಿದಿ ಒತ್ತಿ ಚಕ್ಕಡಿಯ ಗಾಲಿಗೆ ಕಬ್ಬಿಣದ ಪಟ್ಟಾ ಕೂರಿಸುತ್ತಿದ್ದ. ತಿದಿ ಒತ್ತಿದವನಿಗೆ ಏದುಸಿರು ಬರದೆ ಇನ್ನೇನು ಬರುತ್ತದೆ ಎಂದು ಎಲ್ಲರೂ ಅಂದರು, ಅವನೂ ಅಂದ. ಇನ್ನು ಪುಷ್ಪಾ. ಅವಳನ್ನು ನೋಡಲು ಅವತ್ತು ಮಧ್ಯಾಹ್ನ ಪರವೂರಿನ ಗಂಡಿನವರು ಬರುವವರಿದ್ದರು. ತಲೆ ಬಾಚುತ್ತಿದ್ದ ಚಿಕ್ಕಮ್ಮನಿಗೆ ಅವಳು ಮಣಿಕಟ್ಟು ಕುದುರೆಯಂತೆ ಓಡುತ್ತಿದೆ ಎಂದು ಹೇಳಿದಳಂತೆ. ನನ್ನವರು ನನ್ನನ್ನು ನೋಡಲು ಬಂದಾಗ ನನ್ನದೂ ಹೀಗೇ ಓಡಿತ್ತು ಎಂದು ಚಿಕ್ಕಮ್ಮ ನಕ್ಕಳು, ಮನೆ ತುಂಬ ಹೆಂಗಸರು ನಕ್ಕರು. ಹುಡುಗಿ ನಾಚಿ ಬಾಯಿ ಮುಚ್ಚಿದಳು. ಕಸ್ತೂರವ್ವನಿಗೆ ಎಲ್ಲ ಬರೋಬರಿ ಇದೆ ಎಂದು ವಿರುಪಣ್ಣನೇ ಹೇಳಿ ಕಳಿಸಿದ.

ನಾನು ಖಾನಾವಳಿಯಲ್ಲಿ ಉಣ್ಣುತ್ತಿದ್ದವರಿಗೆಲ್ಲ ಸಕ್ಕರೆ ಹಂಚಿ, ಉಳಿದದ್ದನ್ನು ಕಸ್ತೂರವ್ವನಿಗೆ ಒಯ್ದೆ. ಆಕೆ ಸಕ್ಕರೆಯನ್ನು ಬಾಯಿಗೆ ಹಾಕಲಿಲ್ಲ. ಮುಷ್ಟಿಯಲ್ಲಿ ಹಿಡಿದುಕೊಂಡೇ ಒಬ್ಬೊಬ್ಬರ ಸುದ್ದಿ ಕೇಳಿದಳು. ನಾನು ತಿದಿಯದು, ಗಂಡಿನವರದು ಎಲ್ಲ ನಗುನಗುತ್ತ ಹೇಳಿದೆ. ಹುಣಸೆಹಣ್ಣು ಬಿಡಿಸುತ್ತಿದ್ದ ಕೈ ನಿಂತಿತು.

"ಕಾವು ಇಳದೈತಿ, ನೋವು ಹೋಗೈತಿ. ಮಿಡಿತ ಹುಡುಗೀದು, ಉಸಿರು ತಿದೀದು ಅಂತ ನೀವ ಅಂದ್ರಿ," ಎಂದಳು. "ಹಂಗಾರ ನಿನ್ನ ಹೇಂತೀದು ಅಂತ ಉಳಿದಿದ್ದು ಏನು ತಮ್ಮಾ?"

ನನ್ನ ನಗು ಅಲ್ಲೇ ಇಂಗಿತು. ಆಕೆ ಸೆರಗು ಕೊಡವಿ ಎದ್ದಳು. ಆ ವಯಸ್ಸಿನಲ್ಲಿ ಆಕೆ ಹಾಗೆ ನಡೆದದ್ದನ್ನು ನಾನು ಕಂಡಿರಲಿಲ್ಲ, ಹಿಂದೆ ಓಡಬೇಕಾಯಿತು. ಹಾದಿಯಲ್ಲಿ ಸಿಕ್ಕವರನ್ನು ಡಾಕ್ಟರ ಹಿಂದೆ ಅಟ್ಟಿದಳು, ಮತ್ತೆ ಕೆಲವರನ್ನು ಮೌನೇಶನ ಕುಲುಮೆಗೆ, ಶಾಲೆಗೆ, ಸೋಡಾ ಅಂಗಡಿಗೆ ಅಟ್ಟಿದಳು. ನೆಟ್ಟಗೆ ವಿರುಪಣ್ಣನ ಮನೆಗೆ ಹೋದಳು.

ಗಂಡಿನವರು ಜಮಖಾನೆಯ ಮೇಲೆ ಕೂತು ಅವಲಕ್ಕಿ ತಿನ್ನುತ್ತಿದ್ದರು. ಹುಡುಗಿಯನ್ನು ಇನ್ನೂ ಹೊರಗೆ ಕರೆದಿರಲಿಲ್ಲ. ವಿರುಪಣ್ಣ ಬಾಗಿಲಲ್ಲೇ ಕಸ್ತೂರವ್ವನ ಕೈ ಹಿಡಿದು, ಇವರು ಚಾ ಕುಡಿದು ಏಳುವ ತನಕ ತಡೆಯವ್ವಾ, ಪರವೂರಿನವರಿಗೆ ನಮ್ಮ ಸಂಗತಿ ತಿಳಿಯುವುದಿಲ್ಲ, ಹುಡುಗಿಗೆ ಎದೆರೋಗ ಅಂದುಕೊಂಡು ಹೋಗುತ್ತಾರೆ ಎಂದು ಅಂಗಲಾಚಿದ. ಅವನದೂ ತಪ್ಪಲ್ಲ. ಹೀಗೆ ಬಂದು ನೋಡಿ ಹೋದವರು ಎಷ್ಟೋ ಮಂದಿ, ಅವನು ಅವಲಕ್ಕಿ ಹಚ್ಚಿ ಹಚ್ಚಿ ದಣಿದಿದ್ದ. ಕಸ್ತೂರವ್ವ ದನಿ ಏರಿಸಲಿಲ್ಲ, ದಾರಿಯನ್ನೂ ಬಿಡಲಿಲ್ಲ. ಅಷ್ಟರಲ್ಲಿ ಒಳಗಿನಿಂದ ಪುಷ್ಪಾ ಚಹಾದ ತಟ್ಟೆ ಹಿಡಿದೇ ಬಂದಳು. ಕಪ್ಪುಗಳು ಗಡಗಡ ಸದ್ದು ಮಾಡುತ್ತಿದ್ದವು. ತಟ್ಟೆಯನ್ನು ಗಂಡಿನವರ ಮುಂದೆ ಇಡದೆ ಹೊಸ್ತಿಲ ಬಳಿ ಇಟ್ಟಳು.

"ಅಪ್ಪಾ, ಇದು ನಂದಲ್ಲ," ಎಂದು ಮಣಿಕಟ್ಟು ತೋರಿಸಿದಳು. "ನಾ ಹುಡುಗನ್ನ ಇನ್ನಾ ನೋಡೇ ಇಲ್ಲ. ನೋಡದವನ ಸಲುವಾಗಿ ಎದಿ ಇಷ್ಟ್ಯಾಕ ಹಾರತೈತಿ?"

ಜಮಖಾನೆಯ ಮೇಲಿದ್ದ ಹುಡುಗ ತುತ್ತನ್ನು ಹಾಗೇ ಹಿಡಿದುಕೊಂಡು ಕೂತ. ಅವನ ಮೇಲೆ ನನಗೆ ಈಗಲೂ ಕನಿಕರವಿದೆ.

ಪುಷ್ಪಾ ತಮ್ಮ ಮನೆಯ ಜಗಲಿಗೆ ಬಂದು ಕೂತಳು. ಮೌನೇಶ ಬಂದ, ಮಾಸ್ತರರು ಬಂದರು. ರಜಾಕಸಾಬ ಓಣಿಯ ತುದಿಯಲ್ಲೇ ನಿಂತ. ಅವನು ಬಂದರೆ ನಾಲ್ವರಾಗುತ್ತಿದ್ದರು. ಓಣಿಯಲ್ಲಿ ಮಂದಿ ಸೇರಿ ಗುಸುಗುಸು ಶುರುವಾಗಿತ್ತು. ಎದುರಿನ ನಮ್ಮ ಮನೆಯಿಂದ ನಮ್ಮವ್ವ ಹೊರಗೆ ಬಂದು ನೋಡಿ, ಈ ಮುದುಕಿ ನನ್ನ ಸೊಸೆಗೆ ಚಟ್ಟ ಕಟ್ಟುತ್ತಿದ್ದಾಳೆ ಎಂದು ಎದೆ ಬಡಿದುಕೊಂಡಳು. ಕಸ್ತೂರವ್ವ ನನ್ನತ್ತ ತಿರುಗಿದಳು. ಬೆಳಗಿನ ಕಾವು, ನಿನ್ನೆಯ ಉಸಿರು, ಮೊನ್ನೆಯ ಮಿಡಿತ ಇಟ್ಟುಕೊಂಡು ಇವತ್ತಿನ ಮೈ ಕೂಡಿಸಲು ಆಗುವುದಿಲ್ಲ, ಈ ಗಳಿಗೆಯ ನಾಲ್ಕೂ ಒಟ್ಟಿಗೆ ಬೇಕು ಎಂದಳು.

"ನೀ ಬ್ಯಾಡ ಅಂದ್ರ ಬಿಡ್ತೀನಿ. ಆಕಿ ನಿನ್ನಾಕಿ," ಎಂದಳು. "ಮಾಡು ಅಂದ್ರ ಮಾಡ್ತೀನಿ. ಕೆಟ್ರ ಊರಿಗೆ ನನ್ನ ಹೆಸರು ಹೇಳು."

ನನಗೆ ಭಯವಾಗಿತ್ತು ಎಂದರೆ ಕಡಿಮೆಯೇ. ಆದರೆ ಸುವರ್ಣಾಳದು ಅಂತ ಉಳಿದದ್ದು ಏನು ಎಂದು ಆಕೆ ಕೇಳಿದ ಮಾತು ಕಿವಿಯಲ್ಲೇ ಇತ್ತು. ಕೂಡಿಸ್ರಿ ಎಂದೆ. ರಜಾಕಸಾಬನ ಹತ್ತಿರ ನಾನೇ ಹೋಗಿ ಹೆಗಲ ಮೇಲೆ ಕೈ ಹಾಕಿ ಕರೆತಂದೆ. ಅವನು ದೇವರ ಹೆಸರು ಹೇಳುತ್ತ ಜಗಲಿ ಹತ್ತಿದ.

ಕಸ್ತೂರವ್ವ ನಾಲ್ವರಿಗೂ ನೀರು ಕುಡಿಸಿ ನೆರಳಿನಲ್ಲಿ ಸುಮ್ಮನೆ ಕೂರಿಸಿದಳು. ಮಾತಾಡಲು ಬಿಡಲಿಲ್ಲ. ತಮ್ಮ ತಮ್ಮದು ತಣ್ಣಗಾಗಲಿ, ಬಂದದ್ದು ಉಳಿಯಲಿ ಎಂದು ಕಾಯ್ದಳು. ಒಳಗೆ ಗಂಡಿನವರು ಎದ್ದು ಚಪ್ಪಲಿ ಹುಡುಕುವ ಸದ್ದು ಕೇಳಿತು. ವಿರುಪಣ್ಣ ಕಂಬ ಹಿಡಿದು ನಿಂತಿದ್ದ. ಕುಲುಮೆ ಬಿಟ್ಟು ಬಂದು ಎಷ್ಟೋ ಹೊತ್ತಾದರೂ ಮೌನೇಶನ ಉಸಿರು ಇಳಿಯಲಿಲ್ಲ. ತಾನು ಒತ್ತದ ತಿದಿ ತನ್ನ ಎದೆಯಲ್ಲಿ ಆಡುವುದನ್ನು ಅವನು ಬೆರಗಿನಿಂದ ನೋಡಿಕೊಳ್ಳುತ್ತಿದ್ದ. ಅಷ್ಟರಲ್ಲಿ ಡಾಕ್ಟರ ಸೈಕಲ್ ಬಂತು. ಕಸ್ತೂರವ್ವ ಅವರನ್ನು ಪಕ್ಕಕ್ಕೆ ಕೂರಿಸಿಕೊಂಡು, ಹುಡುಗಿಯ ಮಣಿಕಟ್ಟನ್ನು ಅವರ ಕೈಗೆ ಕೊಟ್ಟಳು. ನಮ್ಮವ್ವನಿಗೆ, ಸೊಸೆಯನ್ನು ಮೆಲ್ಲಗೆ ಎತ್ತಿ ಕೂರಿಸು, ಕೂರಿಸುವಾಗ ಊಟದ ತಾಟು ಬಡಿ, ಮತ್ತೆ ಮಲಗಿಸುವಾಗ ಬಡಿ ಎಂದು ಹೇಳಿ ಕಳಿಸಿದಳು. ಅವ್ವ ಬೈಯುತ್ತಲೇ ಒಳಗೆ ಹೋದಳು.

ತಾಟಿನ ಸದ್ದು ಬಂತು. ಪುಷ್ಪಾ, ಅವ್ವಾ ಎಂದು ಎದೆ ಒತ್ತಿಕೊಂಡಳು. ಅದೇ ಗಳಿಗೆಗೆ ಪಕ್ಕದ ಮೌನೇಶ ಬಾವಿಯಿಂದ ಮೇಲೆದ್ದವನಂತೆ ಬಾಯಿ ತೆರೆದು ಉಸಿರೆಳೆದ. ಮತ್ತೆ ತಾಟು ಬಡಿಯಿತು, ಇಬ್ಬರೂ ಒಟ್ಟಿಗೇ ಒಂದಿಷ್ಟು ಸಡಿಲಾದರು. ಆಕೆ ಇನ್ನೊಮ್ಮೆ ಮಾಡಿಸಿದಳು. ಇನ್ನೊಮ್ಮೆಯೂ ಹಾಗೇ ಆಯಿತು. ಹುಡುಗಿಯ ಎದೆಯೂ ಕಮ್ಮಾರನ ತಿದಿಯೂ ನಮ್ಮ ಮನೆಯ ತಾಟಿಗೆ ಕುಣಿಯಲು ಸಾಧ್ಯವಿರಲಿಲ್ಲ. ಅದು ಸುವರ್ಣಾಳದೇ ಆಗಿತ್ತು. ಅಲ್ಲಿದ್ದ ಪ್ರತಿಯೊಬ್ಬರಿಗೂ ಅದು ಒಮ್ಮೆಲೇ ತಿಳಿಯಿತು. ಕಸ್ತೂರವ್ವ ರಜಾಕಸಾಬನತ್ತ ನೋಡಿದಳು. ಅವನು ಸಂಕೋಚದಿಂದ ಒಂದಿಷ್ಟು ತಂಡಿ ಅನಿಸುತ್ತದೆ ಎಂದ. ಉರಿಬಿಸಿಲಿನ ಆ ಮಧ್ಯಾಹ್ನ ಅವನ ಉಗುರುಗಳು ನೀಲಿಯಾಗಿದ್ದವು.

"ಕಾವು ಕೆಳಗ, ಮಿಡಿತ ಉಸಿರು ಎರಡೂ ಮ್ಯಾಲ," ಎಂದಳು ಕಸ್ತೂರವ್ವ. "ಇಷ್ಟ ನನಗ ಕಾಣತೈತಿ. ಇದು ಏನಂತ ನೀವ ಹೇಳ್ರಿ ಸಾಹೇಬ್ರ."

ಡಾಕ್ಟರು ಆಗಲೇ ಎದ್ದು ನಿಂತಿದ್ದರು. "ಜ್ವರ ಇಳಿದದ್ದಲ್ಲ ಅವ್ವಾರ, ಮೈ ಸೋತದ್ದು. ನಂಜು ರಕ್ತಕ್ಕ ಸೇರೈತಿ," ಎಂದರು. ನೋವು ಹೋದದ್ದೂ ಗುಣವಾಗಿ ಅಲ್ಲ, ನೋವು ಹೇಳುವಷ್ಟು ತ್ರಾಣ ಆ ಮೈಯಲ್ಲಿ ಉಳಿದಿಲ್ಲ ಎಂದು ನಡೆಯುತ್ತಲೇ ಹೇಳಿದರು. ಕೇಳಿದ ಮಾಸ್ತರರು ಮುಖ ಮುಚ್ಚಿಕೊಂಡು, ಆ ನೋವು ತಿರುಗಿ ಬರಲಿ ಎಂದು ಬೇಡಿಕೊಂಡರು. ಸುಳ್ಳು ನರಳಾಟ ಎಂದು ಅವರನ್ನು ಜೀವಮಾನವಿಡೀ ಆಡಿಕೊಂಡಿದ್ದ ನನಗೆ ಅವರ ಕಾಲು ಹಿಡಿಯಬೇಕು ಅನಿಸಿತು.

ಸುವರ್ಣಾಳನ್ನು ಮಂಚದ ಸಮೇತ ಎತ್ತಿ ದವಾಖಾನೆಗೆ ಒಯ್ದೆವು. ಬಾಟಲಿ ಏರಿಸಿದರು, ಸೂಜಿಯ ಮೇಲೆ ಸೂಜಿ ಕೊಟ್ಟರು. ಔಷಧ ಹಿಡಿಯುತ್ತಿದೆಯೋ ಇಲ್ಲವೋ ಎಂದು ನೋಡಲು ನಾಲ್ವರೂ ಹತ್ತಿರ ಬೇಕು ಎಂದರು ಡಾಕ್ಟರು. ಹೀಗಾಗಿ ಆ ದಿನಗಳಲ್ಲಿ ದವಾಖಾನೆಯ ಪಡಸಾಲೆಯಲ್ಲಿ ಒಂದೇ ಬೆಂಚಿನ ಮೇಲೆ ಸೋಡಾದವನು, ಮಾಸ್ತರು, ಕಮ್ಮಾರ, ಬಳೆಗಾರನ ಮಗಳು ಕೂತಿರುತ್ತಿದ್ದರು. ಕಸ್ತೂರವ್ವ ಕೆಳಗೆ ಗೋಣಿ ಹಾಸಿ ಹುಣಸೆಹಣ್ಣು ಬಿಡಿಸುತ್ತಿದ್ದಳು. ಮೊದಲು ಮಾಸ್ತರರಿಗೆ ನೋವು ಮರಳಿತು, ನಾವು ಖುಷಿಪಟ್ಟೆವು, ಅವರು ಕಣ್ಣೀರು ಹಾಕುತ್ತ ಖುಷಿಪಟ್ಟರು. ರಜಾಕಸಾಬನ ಉಗುರು ಕೆಂಪಾದವು. ಪುಷ್ಪಾ ಕಣ್ಣು ಮುಚ್ಚಿ ಕೂತು ಎರಡು ಮಿಡಿತವನ್ನೂ ಬೇರೆ ಬೇರೆ ಮಾಡಿ ಹೇಳುವುದನ್ನು ಕಲಿತಳು. ಗಂಡಿನವರು ಆ ದಿನವೇ ಬಸ್ ಹತ್ತಿದ್ದರು, ವಿರುಪಣ್ಣ ನನ್ನ ಜೊತೆ ಮಾತು ಬಿಟ್ಟಿದ್ದ. ಕಸ್ತೂರವ್ವನ ಜಗಲಿಗೆ ಊರಿನವರು ಬರುವುದನ್ನು ನಿಲ್ಲಿಸಿದ್ದರು. ಬದುಕಿದ್ದವಳಿಗೆ ನಾಲ್ವರನ್ನು ಕೂಡಿಸಿದ ಕೈ ಎಂದು ದೂರದಿಂದಲೇ ನೋಡುತ್ತಿದ್ದರು. ಸುವರ್ಣಾಳಿಗೆ ಹೆಚ್ಚುಕಡಿಮೆಯಾದರೆ ಆಕೆ ಈ ಊರಿನಲ್ಲಿ ಬಾಳುವ ಹಾಗಿರಲಿಲ್ಲ. ಆಕೆಗೂ ಅದು ಗೊತ್ತಿತ್ತು, ಒಂದು ದಿನವೂ ಆ ಮಾತು ಎತ್ತಲಿಲ್ಲ.

ಒಂದು ಮುಂಜಾನೆ, ಕಸ ಗುಡಿಸಿ ಇನ್ನೂ ನೆಲ ಒರೆಸುತ್ತಿದ್ದರು, ಪುಷ್ಪಾ ಒಮ್ಮೆಲೇ ಸೆಟೆದು ಕೂತಳು. ಮಣಿಕಟ್ಟನ್ನು ತಿರುವಿ ಮುರುವಿ ನೋಡಿದಳು.

"ಆಯೀ, ನಿಂತೈತಿ. ಅಕ್ಕಂದು ನಿಂತೈತಿ," ಎಂದಳು ಕಸ್ತೂರವ್ವನಿಗೆ.

ಮೌನೇಶ ಎದೆಯ ಮೇಲೆ ಕೈ ಇಟ್ಟು ನನ್ನದೊಂದೇ ಉಸಿರಿದೆ ಎಂದ. ರಜಾಕಸಾಬ ಇಲ್ಲವೆಂದು ತಲೆ ಅಲ್ಲಾಡಿಸಿದ. ಮಾಸ್ತರರ ಹೊಟ್ಟೆಯಲ್ಲಿ ನೋವು ಏನೂ ಇರಲಿಲ್ಲ. ನಾಲ್ಕೂ ಪಾಲು ಒಟ್ಟಿಗೆ ಹೋಗುವುದು ಎರಡೇ ಕಾರಣಕ್ಕೆ. ಮೈ ಕೂಡಿದಾಗ, ಇಲ್ಲವೇ ಇನ್ನು ಕೂಡಲು ಮೈಯೇ ಇಲ್ಲವಾದಾಗ. ಹೊರಗೆ ಕೂತವರಿಗೆ ಅದು ಯಾವುದೆಂದು ತಿಳಿಯುವ ಬಗೆ ಇಲ್ಲ. ನಾಲ್ವರೂ ಒಂದೇ ಬೆಂಚಿನ ಮೇಲೆ ಭುಜಕ್ಕೆ ಭುಜ ಹಚ್ಚಿ ಕೂತಿರುವುದು ಆಗ ಎಲ್ಲರ ಕಣ್ಣಿಗೂ ಬಿತ್ತು. ಕಸ್ತೂರವ್ವ ಏಳಲು ಹೋಗಿ ಏಳಲಾರದೆ ಮತ್ತೆ ಗೋಣಿಯ ಮೇಲೆ ಕುಸಿದಳು. ಆ ಮುಖದಲ್ಲಿ ಹೆದರಿಕೆಯನ್ನು ನಾನು ಕಂಡದ್ದು ಅದೊಂದೇ ಸಲ.

"ಇಲ್ಲಿಂದ ಮುಂದ ನನಗ ತಿಳಿಯೂದಿಲ್ಲ ತಮ್ಮಾ," ಎಂದಳು. "ನೀ ಹೋಗಿ ಮುಟ್ಟು."

ಒಳಗೆ ಹೋದೆ. ಸುವರ್ಣಾ ಗೋಡೆಗೆ ಮುಖ ಮಾಡಿ ಮಲಗಿದ್ದಳು. ಕೈ ಚಾಚಿದೆ, ಹಿಂದಕ್ಕೆ ತೆಗೆದೆ. ಮುಟ್ಟುವ ತನಕ ಅವಳು ಇದ್ದಾಳೆ ಎಂದಾದರೂ ಅಂದುಕೊಳ್ಳಬಹುದಿತ್ತು. ಕೊನೆಗೆ ಕಣ್ಣು ಮುಚ್ಚಿ ಅವಳ ತೋಳು ಹಿಡಿದೆ. ಬೆಚ್ಚಗಿತ್ತು.

"ಕೈ ತಗೀರಿ, ಎಷ್ಟ ತಣ್ಣಗದಾವು," ಎಂದಳು ಅವಳು ತಿರುಗದೆಯೇ. ಆಮೇಲೆ ತಿರುಗಿ, "ಸೂಜಿ ಚುಚ್ಚಿದಲ್ಲೆ ಭಾಳ ನೋಯಾಕತ್ತೈತ್ರಿ," ಎಂದು ಅಳಲು ಶುರು ಮಾಡಿದಳು.

ಎಲ್ಲಿ ಎಂದು ಕೇಳಿದೆ. ಇಲ್ಲಿ ಎಂದಳು. ಇನ್ನೆಲ್ಲಿ ಎಂದು ಕೇಳಿದೆ. ಸೊಂಟ, ತಲೆ, ಎದೆಹಾಲು ಕಟ್ಟಿದ ನೋವು, ಎಲ್ಲ ಹೇಳಿದಳು. ನಾನು ಮತ್ತೆ ಮತ್ತೆ ಕೇಳಿ ಹೇಳಿಸಿಕೊಂಡೆ. ಅಷ್ಟು ಸವಿಯಾದ ಮಾತನ್ನು ನಾನು ಅವಳ ಬಾಯಿಂದ ಮದುವೆಯಾದ ಹೊಸತರಲ್ಲೂ ಕೇಳಿರಲಿಲ್ಲ. ಇವರಿಗೆ ತಲೆ ಕೆಟ್ಟಿದೆ ಎಂದವಳು ಕೂಸನ್ನು ತಂದುಕೊಡಿ ಎಂದಳು.

ಹೊರಗೆ ಬಂದೆ. ನೋಯುತ್ತದಂತೆ ಎಂದಷ್ಟೇ ಹೇಳಿದೆ. ಪುಷ್ಪಾ ಬೆಂಚಿನ ಮೇಲೆ ಕೂತು ಬಿಕ್ಕಿದಳು. ಕಸ್ತೂರವ್ವ ಗೋಡೆ ಹಿಡಿದು ಎದ್ದಳು. ಎಷ್ಟೋ ಮೈಗಳನ್ನು ಕೂಡಿಸಿದ ಆಕೆ ಮಲಗಿದವರ ಹತ್ತಿರ ಹೋದವಳೇ ಅಲ್ಲ, ಮುಟ್ಟಿದರೆ ತಿಳಿಯುವುದೇನೂ ಇರುತ್ತಿರಲಿಲ್ಲ. ಅವತ್ತು ಒಳಗೆ ಹೋಗಿ ಮಂಚದ ಅಂಚಿಗೆ ಕೂತಳು, ಹುಣಸೆಯ ಜಿಗುಟು ಹತ್ತಿದ ಎರಡೂ ಕೈಯಲ್ಲಿ ಸುವರ್ಣಾಳ ಕೈ ಹಿಡಿದಳು. ಗಟ್ಟಿಯಾಗಿ ಹಿಡಿದಳು. ನಾಡಿ ಸಿಕ್ಕಿರಬೇಕು, ಆಕೆಯ ಕಣ್ಣಿಂದ ನೀರು ಇಳಿಯಿತು.

"ಬಿಡ್ರಿ ಆಯೀ, ಕೈ ನೋಯತೈತಿ," ಎಂದಳು ಸುವರ್ಣಾ.

"ನೋಯ್ಲಿ ನನ್ನವ್ವಾ," ಎಂದಳು ಕಸ್ತೂರವ್ವ, ಬಿಡದೆ. "ನಿನ್ನ ಕೈ ನಿನಗ ನೋಯ್ಲಿ."